ಅಂಗ್ಕೋರ್ ನೋಡಲು ಸ್ವಂತ ಗೈಡ್ ಮಾಡಿಕೊಳ್ಳಬೇಕಾ? ಅಪ್ಪ ಅಮ್ಮನೂ ಜೊತೆಗಿದ್ದಾರೆ

ಬದಿಯಡ್ಕದ ಮಗ

ಎಲ್ಲರಿಗೂ ನಮಸ್ಕಾರ. ಜನವರಿಯಲ್ಲಿ ಕಾಂಬೋಡಿಯಾಕ್ಕೆ ಹೊರಟಿದ್ದೇವೆ. ನಾನು, ಹೆಂಡತಿ, ಅಪ್ಪ, ಅಮ್ಮ. ಅಂಗ್ಕೋರ್ ದೇವಸ್ಥಾನಗಳ ಹತ್ತಿರದ ಪೇಟೆ ಸಿಯೆಮ್ ರೀಪ್‌ನಲ್ಲಿ ಪೂರ್ತಿ ನಾಲ್ಕು ದಿನ ಸಿಗುತ್ತದೆ.

ಅಪ್ಪ ಕನ್ನಡ ಮಾಸ್ಟ್ರಾಗಿದ್ದು ರಿಟೈರ್ ಆದವರು. ಮೂವತ್ತು ವರ್ಷದಿಂದ ತಾಳಮದ್ದಳೆಯಲ್ಲಿ, ಅಂದರೆ ವೇಷವಿಲ್ಲದೆ ಕೂತು ಮಾತಿನಲ್ಲೇ ನಡೆಸುವ ಯಕ್ಷಗಾನದಲ್ಲಿ, ಅರ್ಥ ಹೇಳುತ್ತಾರೆ. ದೊಡ್ಡ ಹೆಸರೇನೂ ಇಲ್ಲ, ಊರಿನ ಸುತ್ತಮುತ್ತ ದೇವಸ್ಥಾನದಲ್ಲೋ ಮನೆಯಲ್ಲೋ ಕೂಟ ಇದ್ದರೆ ಕರೆಯುತ್ತಾರೆ, ಹೋಗುತ್ತಾರೆ. ಯಾವತ್ತೋ ಒಂದು ಪುರವಣಿಯಲ್ಲಿ ಅಂಗ್ಕೋರ್ ವಾಟ್‌ನ ಸಮುದ್ರ ಮಥನದ ಫೋಟೋ ಬಂದಿತ್ತು. ಆ ಹಾಳೆಯನ್ನು ಕತ್ತರಿಸಿ ಪ್ರಸಂಗ ಪುಸ್ತಕದ ಒಳಗೆ ಇಟ್ಟುಕೊಂಡಿದ್ದಾರೆ, ಈಗಲೂ ಉಂಟು. ಇದೊಂದನ್ನು ಕಣ್ಣಾರೆ ನೋಡಬೇಕು ಅಂತ ಅವರು ಬಾಯಿಬಿಟ್ಟು ಕೇಳಿದವರೇ ಅಲ್ಲ. ಪುಸ್ತಕದಲ್ಲಿ ಆ ಹಾಳೆ ಸಿಕ್ಕಿದ ದಿನ ನಾನೇ ಹೊರಡೋಣ ಅಂದೆ.

ಈಗ ಪ್ರಶ್ನೆ. ನಮಗೆ ನಾಲ್ಕೇ ಜನಕ್ಕೆ ಅಂತ ಒಬ್ಬ ಗೈಡ್ ಮಾಡಿಕೊಳ್ಳಬೇಕಾ, ಅಥವಾ ಹತ್ತಿಪ್ಪತ್ತು ಜನರ ಬಸ್ಸಿನ ಟೂರ್ ಸಾಕಾ? ಖರ್ಚು ಎಷ್ಟು ಜಾಸ್ತಿ ಆಗುತ್ತದೆ? ಒಳ್ಳೆಯ ಗೈಡ್ ಯಾರು ಅಂತ ಇಲ್ಲಿ ಕೂತು ಗೊತ್ತಾಗುವುದು ಹೇಗೆ? ಇನ್ನೊಂದು, ಅಮ್ಮನಿಗೆ ಮೊಣಕಾಲು ನೋವು ಉಂಟು. ಸಮತಟ್ಟಿನಲ್ಲಿ ನಡೆಯುತ್ತಾರೆ, ಮೆಟ್ಟಿಲು ಕಷ್ಟ. ಮನೆಯಲ್ಲಿ ಎಲ್ಲರೂ ಸಸ್ಯಾಹಾರಿಗಳು. ಹೋಗಿ ಬಂದವರು ದಯವಿಟ್ಟು ಹೇಳಿ.

ಕುಂಬಳೆ ಅಕ್ಕ

ನಾನು ಎರಡು ವರ್ಷದ ಹಿಂದೆ ಅಮ್ಮನನ್ನು ಕರೆದುಕೊಂಡು ಹೋಗಿದ್ದೆ. ಸ್ವಂತ ಗೈಡನ್ನೇ ಮಾಡಿಕೊಳ್ಳಿ, ಅದರಲ್ಲೂ ನಿಮ್ಮ ಅಪ್ಪ ಅರ್ಥ ಹೇಳುವವರು ಅಂದಮೇಲೆ ಬೇರೆ ಮಾತೇ ಬೇಡ. ಯಾಕೆ ಅಂತ ಆಮೇಲೆ ಹೇಳುತ್ತೇನೆ, ಮೊದಲು ದುಡ್ಡಿನ ಲೆಕ್ಕ.

ಟಿಕೆಟ್ ಒಂದು ದಿನಕ್ಕೆ 37 ಡಾಲರ್, ಮೂರು ದಿನಕ್ಕೆ 62, ಏಳು ದಿನಕ್ಕೆ 72. ಮೂರು ದಿನದ್ದನ್ನು ಒಂದೇ ಸಮ ಬಳಸಬೇಕು ಅಂತ ಇಲ್ಲ, ಹತ್ತು ದಿನದ ಒಳಗೆ ಯಾವ ಮೂರು ದಿನವಾದರೂ ಆಗುತ್ತದೆ. ನಿಮಗೆ ಇದೇ ಸರಿ, ನಡುವೆ ಒಂದು ದಿನ ಅಮ್ಮನಿಗೆ ವಿಶ್ರಾಂತಿ ಕೊಡಬಹುದು. ಟಿಕೆಟಿನ ಮೇಲೆ ನಮ್ಮ ಫೋಟೋ ಇರುತ್ತದೆ, ದೊಡ್ಡ ದೇವಸ್ಥಾನಗಳಲ್ಲೆಲ್ಲ ಬಾಗಿಲಲ್ಲಿ ನೋಡುತ್ತಾರೆ, ಕಳೆದುಕೊಳ್ಳಬೇಡಿ. ಗೈಡಿಗೆ ನಾವು ದಿನಕ್ಕೆ 45 ಡಾಲರ್ ಕೊಟ್ಟೆವು. ಕಾರಿಗೆ ಬೇರೆ 40. ತಲೆಗೆ ಇಷ್ಟು ಅಂತ ಅಲ್ಲ, ಇಡೀ ಗುಂಪಿಗೆ ಇಷ್ಟು ಅಂತ ಲೆಕ್ಕ. ನಾಲ್ಕು ಜನಕ್ಕೆ ಹಂಚಿದರೆ ಬಸ್ಸಿನ ಟೂರಿಗಿಂತ ಅಂಥಾ ದೊಡ್ಡ ವ್ಯತ್ಯಾಸ ಬರುವುದಿಲ್ಲ. ಮಾತಾಡುವಾಗಲೇ ಕಾರು ಸೇರಿತಾ, ಬೆಳಗ್ಗೆ ಐದಕ್ಕೆ ಹೊರಟರೆ ಜಾಸ್ತಿ ಕೇಳುತ್ತಾರಾ, ಬಂಟೇ ಸ್ರೇಯಂಥ ದೂರದ ಜಾಗಕ್ಕೆ ಎಷ್ಟು, ಎಲ್ಲ ಬಾಯಿಬಿಟ್ಟು ಕೇಳಿ ಬರೆಸಿಕೊಳ್ಳಿ.

ಅಲ್ಲಿ ಸರಕಾರದ ಲೈಸೆನ್ಸ್ ಇರುವವರು ಮಾತ್ರ ದೇವಸ್ಥಾನದ ಒಳಗೆ ಗೈಡ್ ಕೆಲಸ ಮಾಡಬಹುದು. ಅವರಿಗೆ ಸಮವಸ್ತ್ರದ ಅಂಗಿ ಉಂಟು, ಕೊರಳಲ್ಲಿ ಕಾರ್ಡ್ ಇರುತ್ತದೆ. ಟುಕ್‌ಟುಕ್‌ನವರು ಒಳ್ಳೆಯವರೇ, ಆದರೆ ಅವರು ಬಾಗಿಲ ತನಕ. ಒಬ್ಬರೇ ಎರಡನ್ನೂ ಮಾಡುತ್ತೇನೆ ಅಂದರೆ ಕಾರ್ಡ್ ಕೇಳಿ.

ಆಯ್ಕೆ ಮಾಡುವುದಕ್ಕೆ ನಾನು ಒಂದು ಉಪಾಯ ಮಾಡಿದೆ. ಮೂರು ಜನಕ್ಕೆ ಒಂದೇ ಮೆಸೇಜ್ ಕಳಿಸಿದೆ: "ನಮಗೆ ರಾಮಾಯಣ, ಮಹಾಭಾರತದ ಕಥೆ ಗೊತ್ತು. ಅದನ್ನು ಹೇಳುವುದು ಬೇಡ. ನಿಮ್ಮಲ್ಲಿ ಆ ಕಥೆ ಹೇಗೆ ಬೇರೆ ಅಂತ ಹೇಳಿ, ರಾಜರ ಬಗ್ಗೆ, ಕಲ್ಲಿನ ಬಗ್ಗೆ ಹೇಳಿ. ಅಂಗ್ಕೋರ್ ವಾಟ್‌ಗೆ ಇಡೀ ಬೆಳಗ್ಗೆ ಕೊಡುತ್ತೀರಾ?" ಇಬ್ಬರು ದರಪಟ್ಟಿ ಕಳಿಸಿದರು. ಮೂರನೆಯವರು, "ನೀವು ಹಿಂದೂಗಳಾ? ಹಾಗಾದರೆ ಸುವರ್ಣ ಮತ್ಸ್ಯದ ಕಥೆ ಗೊತ್ತಾ?" ಅಂತ ತಿರುಗಿ ಕೇಳಿದರು. ಅವರನ್ನೇ ಹಿಡಿದೆವು. ಅವರ ರಾಮಾಯಣಕ್ಕೆ ರೀಮ್‌ಕೇರ್ ಅಂತ ಹೆಸರು. ಅದರಲ್ಲಿ ಹನುಮಂತ ಸೇತುವೆ ಕಟ್ಟುವಾಗ ಒಬ್ಬಳು ಮತ್ಸ್ಯಕನ್ಯೆ ಕಲ್ಲು ಕದಿಯುತ್ತಾಳೆ, ಅವಳು ರಾವಣನ ಮಗಳು, ಆಮೇಲೆ ಹನುಮಂತನಿಗೂ ಅವಳಿಗೂ ಪ್ರೀತಿಯಾಗುತ್ತದೆ. ನಮ್ಮ ಅಮ್ಮ ಎರಡು ನಿಮಿಷ ಮಾತೇ ಆಡಲಿಲ್ಲ. ಆಮೇಲೆ ಸಂಜೆ ತನಕ ಅದೇ ಕಥೆ ಕೇಳಿದ್ದೇ ಕೇಳಿದ್ದು!

ಬಸ್ಸಿನ ಟೂರಿನಲ್ಲಿ ಇದು ಆಗುವುದಿಲ್ಲ. ಅಲ್ಲಿ ಏನೂ ಗೊತ್ತಿಲ್ಲದವರಿಗೂ ಸೇರಿಸಿ ಹೇಳಬೇಕಲ್ಲ, ವಿಷ್ಣು ಯಾರು, ಆಮೆ ಯಾಕೆ ಅಂತ ಅಲ್ಲಿಂದ ಶುರು ಮಾಡುತ್ತಾರೆ, ಅದು ತಪ್ಪಲ್ಲ. ಆದರೆ ನಮಗೆ ಗೊತ್ತಿದ್ದನ್ನೇ ಕೇಳಿ ಬರುವುದಕ್ಕೆ ಅಷ್ಟು ದೂರ ಯಾಕೆ?

ಉಪ್ಪಳದವ

ಅಕ್ಕ ಹೇಳಿದ್ದು ನೂರಕ್ಕೆ ನೂರು ನಿಜ. ನಾವು ಊರಿಂದಲೇ ಒಂದು ಏಜೆನ್ಸಿಯ ಮೂಲಕ ಪ್ಯಾಕೇಜ್ ಮಾಡಿ ಹೋದವರು. ಮೂವತ್ತು ಜನ, ಒಂದು ಬಸ್ಸು. ಸಮುದ್ರ ಮಥನದ ಎದುರು ನಿಂತದ್ದು ಏಳು ನಿಮಿಷ. ನಾನು ಗಡಿಯಾರ ನೋಡಿದ್ದೇನೆ. ಹಿಂದಿನಿಂದ ಬೇರೆ ಗುಂಪು ಬಂತು, ನಮ್ಮ ಗೈಡ್ ಬಾವುಟ ಎತ್ತಿ ಮುಂದೆ ಹೊರಟರು. ಆದರೆ ಮಧ್ಯಾಹ್ನ ರೇಷ್ಮೆ ಅಂಗಡಿಯಲ್ಲಿ ಮುಕ್ಕಾಲು ಗಂಟೆ, ಬೆಳ್ಳಿ ಅಂಗಡಿಯಲ್ಲಿ ಅರ್ಧ ಗಂಟೆ. ನನಗೆ ಈಗಲೂ ಹೊಟ್ಟೆ ಉರಿಯುತ್ತದೆ ಮಾರಾಯ್ರೆ. ಅಂಗಡಿಗೆ ಕರೆದುಕೊಂಡು ಹೋಗಬಾರದು ಅಂತ ಮೊದಲೇ ಹೇಳಿಬಿಡಿ, ಸ್ವಂತ ಗೈಡ್ ಆದರೂ ಹೇಳಿ.

ಮತ್ತೆ ಒಂದು ಮುಖ್ಯ ಮಾತು. ಬ್ಯಾಂಕಾಕ್‌ಗೆ ಹೋಗಿ ಅಲ್ಲಿಂದ ಬಸ್ಸಿನಲ್ಲಿ ಗಡಿ ದಾಟುವ ಯೋಚನೆ ಇದ್ದರೆ ಬಿಟ್ಟುಬಿಡಿ. 2025ರಲ್ಲಿ ಥಾಯ್ಲೆಂಡ್ ಮತ್ತು ಕಾಂಬೋಡಿಯಾದ ನಡುವೆ ಗಡಿಯಲ್ಲಿ ಗುಂಡಿನ ಕಾಳಗವೇ ಆಗಿ ರಸ್ತೆ ದಾರಿ ಮುಚ್ಚಿದ್ದರು. ವಿಮಾನದಲ್ಲೇ ಹೋಗಿ, ಹೊರಡುವ ಮೊದಲು ನಮ್ಮ ರಾಯಭಾರ ಕಚೇರಿಯ ಸೂಚನೆ ನೋಡಿ. ಗಡಿಯ ಬೆಟ್ಟದ ಮೇಲೆ ಪ್ರೆಯಾ ವಿಹಾರ್ ಅಂತ ಶಿವನ ದೇವಸ್ಥಾನ ಉಂಟು, ಅದಕ್ಕಾಗಿಯೇ ಎರಡೂ ದೇಶದವರು ಅಂತರರಾಷ್ಟ್ರೀಯ ನ್ಯಾಯಾಲಯಕ್ಕೆ ಹೋಗಿ 1962ರಲ್ಲಿ ಅದು ಕಾಂಬೋಡಿಯಾಕ್ಕೆ ಅಂತ ತೀರ್ಪಾಗಿತ್ತು. ನಕ್ಷೆಯಲ್ಲಿ ಗೆರೆ ಎಳೆದರೆ ಜನಕ್ಕೆ ಏನಾಗುತ್ತದೆ ಅಂತ ಕಾಸರಗೋಡಿನವರಿಗೆ ಬೇರೆ ಹೇಳಬೇಕಾಗಿಲ್ಲ. ಆ ಕಡೆ ಹೋಗುವುದು ಈಗ ಬೇಡ.

ಬದಿಯಡ್ಕದ ಮಗ

ಅಕ್ಕ, ತುಂಬಾ ಉಪಕಾರವಾಯಿತು. ಅಪ್ಪನಿಗೆ ಓದಿ ಹೇಳಿದೆ. ಮತ್ಸ್ಯಕನ್ಯೆಯ ಕಥೆ ಕೇಳಿ ಕನ್ನಡಕ ತೆಗೆದು ಒರೆಸಿ, "ಹನುಮಂತ ಬ್ರಹ್ಮಚಾರಿ ಅಲ್ವಾ" ಅಂದರು. ಆಮೇಲೆ ಸ್ವಲ್ಪ ಹೊತ್ತು ಬಿಟ್ಟು, "ಅವರು ಅದಕ್ಕೆ ಏನು ಸಮರ್ಥನೆ ಕೊಡುತ್ತಾರೆ ಅಂತ ಕೇಳಬೇಕು" ಅಂದರು. ಅಂದರೆ ಗೈಡ್ ಬೇಕೇ ಬೇಕು ಅಂತ ಆಯಿತು.

ಉಪ್ಪಳದಣ್ಣ, ನಾವು ಬೆಂಗಳೂರಿಂದ ಹೋಗಿ ಕ್ವಾಲಾಲಂಪುರದಲ್ಲಿ ವಿಮಾನ ಬದಲಿಸುತ್ತೇವೆ. ಗಡಿ ದಾಟುವುದಿಲ್ಲ.

ಅಪ್ಪನ ಪ್ರಶ್ನೆ ಇಷ್ಟು: ಅಂಗ್ಕೋರ್ ವಾಟ್‌ನ ಗೋಡೆಯಲ್ಲಿ ಯಾವ ಯಾವ ಪ್ರಸಂಗ ಉಂಟು, ಯಾವ ಕ್ರಮದಲ್ಲಿ ಉಂಟು? ಮೊದಲೇ ಗೊತ್ತಿದ್ದರೆ ಓದಿಕೊಂಡು ಬರಬಹುದು ಅಂತ.

ಕುಂಬಳೆ ಅಕ್ಕ

ಅಪ್ಪನಿಗೆ ನನ್ನ ನಮಸ್ಕಾರ ಹೇಳಿ. ಈ ಪ್ರಶ್ನೆಗೆ ಸ್ವಲ್ಪ ಉದ್ದಕ್ಕೆ ಬರೆಯುತ್ತೇನೆ.

ಮೊದಲು ಒಂದು ವಿಷಯ. ನಮ್ಮ ದೇವಸ್ಥಾನಗಳಲ್ಲಿ ಹೆಚ್ಚಿನವು ಪೂರ್ವಕ್ಕೆ ಮುಖ. ಅಂಗ್ಕೋರ್ ವಾಟ್ ಪಶ್ಚಿಮಕ್ಕೆ. ಎರಡನೇ ಸೂರ್ಯವರ್ಮ ಅನ್ನುವ ರಾಜ 12ನೇ ಶತಮಾನದ ಮೊದಲರ್ಧದಲ್ಲಿ ವಿಷ್ಣುವಿಗೆ ಅಂತ ಕಟ್ಟಿಸಿದ್ದು. ಒಳಗೆ ಹೋಗಿ ಬಲಕ್ಕೆ ತಿರುಗಿ ಗೋಡೆಯನ್ನು ಎಡಕ್ಕೆ ಇಟ್ಟುಕೊಂಡು ನಡೆಯಬೇಕು, ಅಂದರೆ ಅಪ್ರದಕ್ಷಿಣೆ. ಕೆತ್ತನೆಯ ಕ್ರಮವೂ ಹಾಗೆಯೇ. ಇದು ಬಹುಶಃ ರಾಜನ ಉತ್ತರಕ್ರಿಯೆಗೆ ಸಂಬಂಧಿಸಿದ ದೇವಸ್ಥಾನ ಅಂತ ವಿದ್ವಾಂಸರು ಹೇಳುವುದಕ್ಕೆ ಇದೂ ಒಂದು ಕಾರಣ. ನಮ್ಮ ಅಮ್ಮ ಮೊದಲು ಒಪ್ಪಲೇ ಇಲ್ಲ, ಎಡಕ್ಕೆ ಹೊರಟವರನ್ನು ಕೈ ಹಿಡಿದು ನಿಲ್ಲಿಸಬೇಕಾಯಿತು.

ಶುರುವಿಗೆ ಕುರುಕ್ಷೇತ್ರ. ಭೀಷ್ಮ ಬಾಣಗಳ ಮೇಲೆ ಮಲಗಿದ್ದು, ಅರ್ಜುನನ ರಥದಲ್ಲಿ ನಾಲ್ಕು ಕೈಯ ಕೃಷ್ಣ, ಎಲ್ಲ ಹುಡುಕಿದರೆ ಸಿಗುತ್ತದೆ. ಅದು ಮುಗಿದಲ್ಲಿ ಮೂಲೆಯಲ್ಲಿ ಒಂದು ಕತ್ತಲೆ ಮಂಟಪ ಉಂಟು. ಎಲ್ಲ ಗುಂಪುಗಳೂ ಅದನ್ನು ದಾಟಿ ಹೋಗಿಬಿಡುತ್ತವೆ. ನೀವು ಹೋಗಬೇಡಿ. ಟಾರ್ಚ್ ಇರಲಿ. ಅಲ್ಲಿ ವಾಲಿ ವಧೆ ಉಂಟು. ಎದೆಗೆ ಬಾಣ ನಾಟಿದ ವಾಲಿ ತಾರೆಯ ತೋಳಿನಲ್ಲಿ ಒರಗಿದ್ದಾನೆ, ತಾರೆಗೆ ಮೂರು ಮೊನೆಯ ಕಿರೀಟ, ಸುತ್ತಲೂ ಸಾಲು ಸಾಲು ಕಪಿಗಳು ದುಃಖದಲ್ಲಿ ಕೂತಿವೆ. ಒಂದು ಕಪಿಯ ಹಾಗೆ ಇನ್ನೊಂದು ಇಲ್ಲ. ಒಂದು ಮೇಲೆ ನೋಡುತ್ತದೆ, ಒಂದು ಪಕ್ಕದವನ ಮುಖ ನೋಡುತ್ತದೆ.

ಆಮೇಲೆ ದಕ್ಷಿಣದ ಬದಿ. ಮೊದಲು ಸೂರ್ಯವರ್ಮನ ಸೈನ್ಯದ ಮೆರವಣಿಗೆ, ನಂತರ ಯಮನ ನ್ಯಾಯ. ಯಮ ಕೋಣನ ಮೇಲೆ, ಚಿತ್ರಗುಪ್ತನೂ ಇದ್ದಾನೆ. 37 ಸ್ವರ್ಗ, 32 ನರಕ, ಯಾವ ಪಾಪಕ್ಕೆ ಯಾವ ನರಕ ಅಂತ ಪಕ್ಕದಲ್ಲಿ ಸಣ್ಣಕ್ಕೆ ಕೆತ್ತಿದ್ದಾರೆ. ಅಲ್ಲಿಂದ ತಿರುಗಿದರೆ ಪೂರ್ವದಲ್ಲಿ ಅಪ್ಪನ ಸಮುದ್ರ ಮಥನ. ಹತ್ತಿರ ಹತ್ತಿರ ಐವತ್ತು ಮೀಟರ್ ಉದ್ದ. ಒಂದು ಬದಿಗೆ 92 ಅಸುರರು, ಇನ್ನೊಂದು ಬದಿಗೆ 88 ದೇವತೆಗಳು, ನಡುವೆ ಆಮೆಯ ಬೆನ್ನಿನ ಮೇಲೆ ಮಂದರ, ಅದರ ಎದುರು ವಿಷ್ಣು. ಕೆಳಗೆ ನೀರಿನಲ್ಲಿ ಮೀನು, ಮೊಸಳೆ, ಮಥನದ ರಭಸಕ್ಕೆ ಆಮೆಯ ಹತ್ತಿರ ಬಂದವು ತುಂಡಾಗಿ ಹೋದ ಹಾಗೆ ತೋರಿಸಿದ್ದಾರೆ. ವಾಸುಕಿಯ ಬಾಲದ ತುದಿಯಲ್ಲಿ ದೇವತೆಗಳ ಕಡೆ ಒಬ್ಬ ಕಪಿ ಹಿಡಿದು ಎಳೆಯುತ್ತಿದ್ದಾನೆ. ಹನುಮಂತ ಅನ್ನುತ್ತಾರೆ ಕೆಲವರು, ಸುಗ್ರೀವ ಅನ್ನುತ್ತಾರೆ ಕೆಲವರು. ಸಮುದ್ರ ಮಥನದಲ್ಲಿ ಕಪಿ ಎಲ್ಲಿಂದ ಬಂತು? ಇದನ್ನು ಅಪ್ಪನಿಗೇ ಬಿಡುತ್ತೇನೆ.

ಅದರ ಮುಂದಿನವು ಪೂರ್ವದ ಉಳಿದ ಅರ್ಧ ಮತ್ತು ಉತ್ತರದ ಬದಿ, 16ನೇ ಶತಮಾನದಲ್ಲಿ ಕೆತ್ತಿದ್ದು, ಅಷ್ಟು ಸೊಗಸಿಲ್ಲ. ಆದರೂ ಬಾಣಾಸುರನ ಕಾಳಗ ಉಂಟು, ಬೆಂಕಿಯ ಕೋಟೆಯನ್ನು ಗರುಡ ನಂದಿಸುವುದು ಉಂಟು, ಯಕ್ಷಗಾನ ಆಟ ನೋಡಿದವರಿಗೆ ತಕ್ಷಣ ಗೊತ್ತಾಗುತ್ತದೆ. ಕೊನೆಗೆ ಪಶ್ಚಿಮದಲ್ಲಿ ಲಂಕೆಯ ಯುದ್ಧ, ಅದು ಪುನಃ ಹಳೆಯ ಕೈಯ ಕೆಲಸ, ಬಹಳ ಚಂದ.

ಬೆಳಗಿನ ಹೊತ್ತು ಪೂರ್ವದ ಗೋಡೆಗೆ ಬೆಳಕು ಚೆನ್ನಾಗಿ ಬೀಳುತ್ತದೆ. ಸೂರ್ಯೋದಯ ನೋಡಿ ಜನ ಎಲ್ಲ ತಿಂಡಿಗೆ ಹೋಟೆಲಿಗೆ ಓಡುತ್ತಾರೆ. ನೀವು ಆಗಲೇ ಒಳಗೆ ಹೋಗಿ, ತಿಂಡಿ ಕಟ್ಟಿಕೊಂಡು ಬಂದಿರಿ.

ಅಮ್ಮನ ಮೊಣಕಾಲಿನ ಬಗ್ಗೆ: ಈ ಗೋಡೆಗಳೆಲ್ಲ ಮೊದಲ ಅಂತಸ್ತಿನಲ್ಲೇ ಇವೆ. ಕೆಲವು ಮೆಟ್ಟಿಲು ಹತ್ತಿದರೆ ಆಯಿತು. ಕಡಿದಾದ ಮೆಟ್ಟಿಲು ಇರುವುದು ಬಕಾನ್ ಅನ್ನುವ ಮೇಲಿನ ಗೋಪುರಕ್ಕೆ, ಅದನ್ನು ಬಿಟ್ಟರೆ ಏನೂ ನಷ್ಟ ಇಲ್ಲ. ಸ್ವಂತ ಗೈಡ್ ಇದ್ದರೆ ಇದೂ ಒಂದು ಅನುಕೂಲ, ಅಮ್ಮ ಕೂತಷ್ಟು ಹೊತ್ತು ಎಲ್ಲರೂ ಕೂರಬಹುದು.

ಬಾಯಾರು ತೋಟ

ನಾನು ಕಥೆಯ ಮನುಷ್ಯ ಅಲ್ಲ, ಅಡಿಕೆ ತೋಟದವ. ಹಾಗಾಗಿ ನನಗೆ ಅಲ್ಲಿ ಕಂಡದ್ದು ಕಲ್ಲು ಮತ್ತು ನೀರು. ಇದನ್ನು ಯಾರೂ ಹೇಳಲಿಲ್ಲ, ನಾನು ಹೇಳಲೇಬೇಕು.

ಫೋಟೋದಲ್ಲಿ ಎಲ್ಲರೂ ನೋಡುವುದು ಮರಳುಗಲ್ಲಿನ ಕೆತ್ತನೆ. ಅದರ ಹಿಂದೆ, ಅಡಿಯಲ್ಲಿ, ಪೌಳಿಯ ಗೋಡೆಯಲ್ಲಿ ಇರುವುದು ನಮ್ಮದೇ ಕೆಂಪುಕಲ್ಲು. ಹೌದು, ಮುರಕಲ್ಲೇ. ಅಂಗ್ಕೋರ್ ವಾಟ್‌ನ ಹೊರಗಿನ ಗೋಡೆ ನಾಲ್ಕೂವರೆ ಮೀಟರ್ ಎತ್ತರ, ಕೆಂಪುಕಲ್ಲು. ಪ್ರೆ ರೂಪ್ ಅಂತ ಒಂದು ದೇವಸ್ಥಾನ ಉಂಟು, 10ನೇ ಶತಮಾನದ್ದು, ರಾಜೇಂದ್ರವರ್ಮ ಕಟ್ಟಿಸಿದ್ದು, ಅದರ ಕೆಳಗಿನ ಹಂತಗಳು ಕೆಂಪುಕಲ್ಲಿನವು. ಸಂಜೆ ನಾಲ್ಕೂವರೆಗೆ ಅದರ ಎದುರು ನಿಂತಾಗ ಬೇಕಲ ಕೋಟೆಯ ಬುಡದಲ್ಲಿ ನಿಂತ ಹಾಗೆ ಆಯಿತು. ಅದೇ ತೂತು ತೂತು ಮೈ, ಅದೇ ಬಣ್ಣ, ಮಳೆ ನೀರು ಹರಿದಲ್ಲಿ ಅದೇ ಕಪ್ಪು ಪಾಚಿ.

ನಮ್ಮ ಗೈಡ್ ಹುಡುಗ ಹೇಳತೊಡಗಿದ, "ಈ ಕಲ್ಲು ನೆಲದಿಂದ ತೆಗೆಯುವಾಗ ಮೆತ್ತಗಿರುತ್ತದೆ, ಗಾಳಿಗೆ ಒಣಗಿದ ಮೇಲೆ ಗಟ್ಟಿಯಾಗುತ್ತದೆ" ಅಂತ. ನಾನು ಅವನನ್ನು ತಡೆದು ನಮ್ಮ ಮನೆಯ ಫೋಟೋ ತೋರಿಸಿದೆ, ಹಿತ್ತಿಲಿನ ಕಲ್ಲುಕೋರೆಯದ್ದೂ ತೋರಿಸಿದೆ. ಅವನಿಗೆ ನಂಬಲಿಕ್ಕೇ ಆಗಲಿಲ್ಲ, ಈಗಲೂ ಇದರಲ್ಲೇ ಮನೆ ಕಟ್ಟುತ್ತೀರಾ ಅಂತ ಕೇಳಿದ. ಆಮೇಲೆ ಅವನು ನಮ್ಮನ್ನು ಬೇರೆ ದಾರಿಯಲ್ಲಿ ಕರೆದುಕೊಂಡು ಹೋದ. ಕಲ್ಲಿನ ಮೇಲೆ ಬೆರಳು ಹೋಗುವಷ್ಟು ದುಂಡಗಿನ ತೂತುಗಳು ಇರುತ್ತವೆ, ಎರಡೆರಡು. ಮರದ ಗೂಟ ಹಾಕಿ ಹಗ್ಗ ಕಟ್ಟಿ ಕಲ್ಲು ಎತ್ತುವುದಕ್ಕೆ ಮಾಡಿದ್ದು. ಒಂದನ್ನು ನೋಡಿದ ಮೇಲೆ ಎಲ್ಲಾ ಕಡೆ ಕಾಣುತ್ತದೆ. ಮರಳುಗಲ್ಲು ಬಂದದ್ದು ಕುಲೇನ್ ಬೆಟ್ಟದ ಬುಡದಿಂದ.

ನೀರಿನ ಕಥೆ ಇನ್ನೂ ದೊಡ್ಡದು. ಪಶ್ಚಿಮ ಬರಾಯ್ ಅಂತ ಒಂದು ಕೆರೆ ಉಂಟು, ಮನುಷ್ಯರು ಮಾಡಿದ್ದು, ಉದ್ದ ಸುಮಾರು ಎಂಟು ಕಿಲೋಮೀಟರ್, ಅಗಲ ಎರಡು ಕಿಲೋಮೀಟರಿಗಿಂತ ಜಾಸ್ತಿ. ಅಗೆದದ್ದಲ್ಲ, ನಾಲ್ಕು ಸುತ್ತ ಮಣ್ಣಿನ ಏರಿ ಹಾಕಿ ನೀರು ನಿಲ್ಲಿಸಿದ್ದು. ಮಳೆ ಆರು ತಿಂಗಳು, ಬಿಸಿಲು ಆರು ತಿಂಗಳು, ಅವರದ್ದೂ ನಮ್ಮ ಹಾಗೆಯೇ. ನಾವು ನೀರಿಗಾಗಿ ಗುಡ್ಡಕ್ಕೆ ಸುರಂಗ ಕೊರೆದೆವು, ತೋಡಿಗೆ ಕಟ್ಟ ಹಾಕಿದೆವು. ಅವರು ಕೆರೆ, ಕಾಲುವೆ, ಕಂದಕ ಮಾಡಿದರು. 14 ಮತ್ತು 15ನೇ ಶತಮಾನದಲ್ಲಿ ದೊಡ್ಡ ಬರ ಬಂತು, ಅದರ ನಡುವೆಯೇ ಭಾರೀ ಮಳೆಯೂ ಬಂದು ಆ ಕಾಲುವೆಗಳು ಹಾಳಾದವು, ಆ ನಗರ ಖಾಲಿಯಾಗುವುದಕ್ಕೆ ಅದೂ ಒಂದು ಕಾರಣ ಅಂತ ಈಗ ಹೇಳುತ್ತಾರೆ. ನಮ್ಮೂರಲ್ಲಿ ಸುರಂಗಗಳನ್ನು ಬಿಟ್ಟು ಎಲ್ಲರೂ ಬೋರ್‌ವೆಲ್ ತೆಗೆಸುವುದನ್ನು ನೋಡಿದ ನನಗೆ ಪೂರ್ವ ಬರಾಯ್ ಅನ್ನುವ ಇನ್ನೊಂದು ಒಣಗಿದ ಕೆರೆಯ ಮೇಲೆ ಕಾರಿನಲ್ಲಿ ಹೋಗುವಾಗ ಹೊಟ್ಟೆಯಲ್ಲಿ ಒಂದು ತರ ಆಯಿತು. ಈಗ ಅದರೊಳಗೆ ಗದ್ದೆ, ಮನೆ, ಹಸುಗಳು. ನಡುವೆ ಒಂದು ದೇವಸ್ಥಾನ. ಅದು ಮೊದಲು ದ್ವೀಪವಾಗಿತ್ತು.

ಗೈಡ್ ಹತ್ತಿರ ಒಂದರ್ಧ ದಿನ ಬರೀ ನೀರಿಗೆ ಅಂತ ಕೇಳಿ. ಯಾರೂ ಕೇಳುವುದಿಲ್ಲ, ಹಾಗಾಗಿ ಅವರೂ ಹೇಳುವುದಿಲ್ಲ.

ನೀರ್ಚಾಲು ಅತ್ತೆ

ಊಟದ ವಿಷಯ ನಾನು ಹೇಳುತ್ತೇನೆ ಮಗಾ. ಅಲ್ಲಿ ಮೀನಿನ ಸಾಸ್ ಇಲ್ಲದ ಅಡುಗೆ ಕಡಿಮೆ. ತರಕಾರಿ ಅಂದರೂ ಅದನ್ನು ಎರಡು ಚಮಚ ಹಾಕುತ್ತಾರೆ, ಅವರಿಗೆ ಅದು ಉಪ್ಪಿನ ಲೆಕ್ಕ. "ಮಾಂಸ ಬೇಡ" ಅಂದರೆ ಸಾಲದು. "ಮೀನಿನ ಸಾಸೂ ಬೇಡ, ಸಿಗಡಿಯೂ ಬೇಡ, ಮೊಟ್ಟೆಯೂ ಬೇಡ" ಅಂತ ಅವರ ಭಾಷೆಯಲ್ಲಿ ಒಂದು ಚೀಟಿ ಗೈಡ್ ಕೈಯಲ್ಲಿ ಬರೆಸಿಕೊಳ್ಳಿ. ನಾನು ಹಾಗೆ ಮಾಡಿದೆ, ಎಲ್ಲಿ ತೋರಿಸಿದರೂ ಅರ್ಥವಾಯಿತು. ಪೇಟೆಯಲ್ಲಿ ಇಂಡಿಯನ್ ಹೋಟೆಲುಗಳು ಉಂಟು, ರಾತ್ರಿಗೆ ತೊಂದರೆ ಇಲ್ಲ. ಮಧ್ಯಾಹ್ನ ದೇವಸ್ಥಾನದ ಹತ್ತಿರ ಕಷ್ಟ. ಅವಲಕ್ಕಿ, ಮಿಡಿ ಉಪ್ಪಿನಕಾಯಿ, ಸ್ವಲ್ಪ ಹುರಿದ ಹಪ್ಪಳ ಇಟ್ಟುಕೊಳ್ಳಿ. ಬೊಂಡ, ಅಂದರೆ ಎಳನೀರು, ಧಾರಾಳ ಸಿಗುತ್ತದೆ, ಬಾಳೆಹಣ್ಣೂ ಸಿಗುತ್ತದೆ.

ಬಟ್ಟೆ: ಭುಜ ಮತ್ತು ಮೊಣಕಾಲು ಮುಚ್ಚಿರಬೇಕು. ಅಪ್ಪ ಪಂಚೆ ಉಟ್ಟರೆ ಏನೂ ತೊಂದರೆ ಇಲ್ಲ. ಡಾಲರ್ ನೋಟು ಹೊಸದೇ ಇರಲಿ, ಅಂಚು ಹರಿದದ್ದನ್ನು ಮುಟ್ಟುವುದೂ ಇಲ್ಲ. ಚಿಲ್ಲರೆ ಅವರ ರಿಯೆಲ್‌ನಲ್ಲಿ ಕೊಡುತ್ತಾರೆ, ಒಂದು ಡಾಲರಿಗೆ ಸುಮಾರು ನಾಲ್ಕು ಸಾವಿರ. ಆ ನೋಟಿನ ಮೇಲಿನ ಅಂಕೆ ನೋಡಿ, ಅವರ ಎರಡು ಮತ್ತು ಮೂರು ನಮ್ಮ ೨, ೩ರ ತಮ್ಮಂದಿರ ಹಾಗೆ ಉಂಟು. ಅವರ ಲಿಪಿಯೂ ದಕ್ಷಿಣ ಭಾರತದಿಂದ ಹೋದದ್ದೇ.

ವೀಸಾ ಸರಕಾರದ ಸ್ವಂತ ವೆಬ್‌ಸೈಟಿನಲ್ಲೇ ಮಾಡಿ, ಅದೇ ತರ ಕಾಣುವ ಬೇರೆಯವು ಬೇಕಾದಷ್ಟು ಉಂಟು, ಜಾಸ್ತಿ ಹಣ ಹಿಡಿಯುತ್ತಾರೆ. ಇ-ಅರೈವಲ್ ಅಂತ ಒಂದು ಫಾರಂ ಉಂಟು, ಇಳಿಯುವ ಮೊದಲಿನ ಏಳು ದಿನದ ಒಳಗೆ ತುಂಬಿಸಬೇಕು, ಅದಕ್ಕೆ ದುಡ್ಡಿಲ್ಲ. ಹೊಸ ವಿಮಾನ ನಿಲ್ದಾಣ ಪೇಟೆಯಿಂದ ನಲವತ್ತು ಕಿಲೋಮೀಟರಿಗೂ ಜಾಸ್ತಿ ದೂರ, ಕಾರು ಮೊದಲೇ ಹೇಳಿಡಿ.

ಮಂಜೇಶ್ವರದಿಂದ

ನಾನು ಸ್ವಲ್ಪ ಬೇರೆ ಮಾತು ಹೇಳುತ್ತೇನೆ. ನಾಲ್ಕೂ ದಿನ ಗೈಡ್ ಬೇಡ. ಎರಡು ದಿನ ಸಾಕು: ಒಂದು ದಿನ ಅಂಗ್ಕೋರ್ ವಾಟ್ ಮತ್ತು ಬಾಯೋನ್, ಇನ್ನೊಂದು ದಿನ ಬಂಟೇ ಸ್ರೇ. ಉಳಿದ ದಿನ ಸುಮ್ನೆ ಟುಕ್‌ಟುಕ್‌ನಲ್ಲಿ ಹೋಗಿ ಎಲ್ಲಾದರೂ ನೆರಳಲ್ಲಿ ಕೂತುಕೊಳ್ಳಿ. ಯಾರಾದರೂ ಇಡೀ ದಿನ ಪಕ್ಕದಲ್ಲಿ ಮಾತಾಡುತ್ತಾ ಇದ್ದರೆ ಎಷ್ಟೇ ಒಳ್ಳೆಯವರಾದರೂ ಮೂರನೇ ದಿನಕ್ಕೆ ತಲೆ ತುಂಬಿಹೋಗುತ್ತದೆ. ತಾ ಪ್ರೋಮ್ ಅಂದರೆ ಮರಗಳು ಗೋಡೆಯನ್ನು ಅಪ್ಪಿಕೊಂಡಿರುವ ದೇವಸ್ಥಾನ, ಏಳನೇ ಜಯವರ್ಮ ತನ್ನ ತಾಯಿಯ ಹೆಸರಲ್ಲಿ 1186ರಲ್ಲಿ ಮಾಡಿಸಿದ್ದು. ಅಲ್ಲಿ ನನಗೆ ಗೈಡ್ ಬೇಕು ಅನ್ನಿಸಲಿಲ್ಲ, ಅಮ್ಮನನ್ನು ಕರೆದುಕೊಂಡು ಹೋದವನಿಗೆ ಇಷ್ಟು ಗೊತ್ತಿದ್ದರೆ ಸಾಕು. ಅಲ್ಲಿ ಬಿದ್ದ ಕಲ್ಲುಗಳನ್ನು ಜೋಡಿಸುವ ಕೆಲಸದಲ್ಲಿ ನಮ್ಮ ಭಾರತೀಯ ಪುರಾತತ್ತ್ವ ಇಲಾಖೆಯವರೂ ಇದ್ದಾರೆ, ಬೋರ್ಡ್ ಕಾಣುತ್ತದೆ.

ಬಾಯೋನ್‌ನಲ್ಲಿ ಎಲ್ಲರೂ ಮೇಲೆ ಗೋಪುರಗಳಲ್ಲಿ ಕೆತ್ತಿದ ದೊಡ್ಡ ಮುಖಗಳನ್ನು ನೋಡುತ್ತಾರೆ. ನೀವು ಕೆಳಗೆ ಹೊರಗಿನ ಗೋಡೆ ನೋಡಿ, ದಕ್ಷಿಣದ ಬದಿ. ದೇವರಿಲ್ಲ ಅಲ್ಲಿ, ಜನ ಇದ್ದಾರೆ. ಸಂತೆ, ಅಡುಗೆ, ಮೀನು ಹಿಡಿಯುವುದು. ಮತ್ತೆ ಕೋಳಿ ಅಂಕ. ಎರಡು ಕಡೆ ಜನ, ನಡುವೆ ಎರಡು ಕೋಳಿ, ಒಬ್ಬ ಕೈಚಾಚಿ ಪಂಥ ಕಟ್ಟುತ್ತಿದ್ದಾನೆ. ಎಂಟು ನೂರು ವರ್ಷದ ಹಿಂದಿನ ಕಲ್ಲು, ಆದರೆ ನಮ್ಮ ಜಾತ್ರೆಯ ಗದ್ದೆಯಲ್ಲಿ ನಿಂತ ಮುಖಗಳೇ.

ಬಂಟೇ ಸ್ರೇಗೆ ಬೆಳಗ್ಗೆ ಬೇಗ ಹೋಗಿ, ಹತ್ತು ಗಂಟೆಗೆ ಬಸ್ಸುಗಳು ಬರುತ್ತವೆ. ಸಣ್ಣ ದೇವಸ್ಥಾನ, ಸಮತಟ್ಟು, ಅಮ್ಮನಿಗೆ ಸುಲಭ. 967ರದ್ದು, ರಾಜ ಕಟ್ಟಿಸಿದ್ದಲ್ಲ, ಯಜ್ಞವರಾಹ ಅನ್ನುವ ಪಂಡಿತ ಕಟ್ಟಿಸಿದ ಶಿವಾಲಯ. ಕಲ್ಲು ತಿಳಿ ಗುಲಾಬಿ, ಕೆತ್ತನೆ ಬೆಳ್ಳಿಯ ಕೆಲಸದ ಹಾಗೆ. ರಾವಣ ಕೈಲಾಸ ಅಲುಗಾಡಿಸುವುದು ಉಂಟು, ಪಾರ್ವತಿ ಹೆದರಿ ಶಿವನನ್ನು ಹಿಡಿದುಕೊಂಡಿದ್ದಾಳೆ. ಖಾಂಡವ ದಹನ, ಕಂಸ ವಧೆ, ವಾಲಿ ಸುಗ್ರೀವರ ಕಾಳಗ ಎಲ್ಲ ಉಂಟು. ಶಕ್ತಿ ಇದ್ದರೆ ಅಲ್ಲಿಂದ ಮುಂದೆ ಕ್ಬಾಲ್ ಸ್ಪಿಯನ್ ಅಂತ ಉಂಟು, ಹೊಳೆಯ ಅಡಿಯ ಬಂಡೆಯಲ್ಲೇ ಸಾಲು ಸಾಲು ಲಿಂಗ ಕೆತ್ತಿದ್ದಾರೆ, ಶಿರಸಿಯ ಸಹಸ್ರಲಿಂಗ ನೆನಪಾಗುತ್ತದೆ. ಆದರೆ ಕಾಡಿನಲ್ಲಿ ಒಂದೂವರೆ ಕಿಲೋಮೀಟರ್ ಏರು, ಅಮ್ಮನಿಗೆ ಬೇಡ.

ಬದಿಯಡ್ಕದ ಮಗ

ಮಂಜೇಶ್ವರದವರ ಮಾತಿನ ಹಾಗೆ ಎರಡು ದಿನಕ್ಕೆ ಗೈಡ್ ಹೇಳಿದ್ದೇವೆ. ಅಕ್ಕನ ಮೆಸೇಜನ್ನೇ ಇಂಗ್ಲಿಷಿಗೆ ಮಾಡಿ ಕಳಿಸಿದೆ. ಒಬ್ಬರು, "ನಿಮ್ಮ ತಂದೆ ಕಥೆ ಹೇಳುವವರಾದರೆ ನನ್ನ ಅಜ್ಜಿಯ ಕಥೆಗಳನ್ನು ನಾನು ತರುತ್ತೇನೆ" ಅಂತ ಬರೆದರು. ದಿನಕ್ಕೆ 45. ಅಂಗಡಿ ಇಲ್ಲ ಅಂತ ಬರೆಸಿಕೊಂಡೆ. ಹೋಗಿ ಬಂದು ಬರೆಯುತ್ತೇನೆ.

ಬದಿಯಡ್ಕದ ಮಗ

ಬಂದೆವು. ಮೊನ್ನೆ ರಾತ್ರಿ ಮನೆ ತಲುಪಿದ್ದು. ಎಲ್ಲ ಬರೆಯಲು ಹೋದರೆ ಮುಗಿಯುವುದಿಲ್ಲ, ಎರಡು ಸಂಗತಿ ಹೇಳುತ್ತೇನೆ.

ಸಮುದ್ರ ಮಥನದ ಎದುರು ಅಪ್ಪ ತುಂಬಾ ಮಾತಾಡುತ್ತಾರೆ ಅಂದುಕೊಂಡಿದ್ದೆ. ಏನೂ ಮಾತಾಡಲಿಲ್ಲ. ಈ ತುದಿಯಿಂದ ಆ ತುದಿಗೆ ಮೂರು ಸಲ ನಡೆದರು, ಅಷ್ಟೇ. ಬ್ಯಾಗಿನಿಂದ ಆ ಹಳೇ ಹಾಳೆ ತೆಗೆದು ಕಲ್ಲಿನ ಎದುರು ಹಿಡಿದು ನೋಡಿದರು. ಫೋಟೋದಲ್ಲಿ ಇದ್ದದ್ದು ನಡುವಿನ ಸಣ್ಣ ಒಂದು ತುಂಡು ಮಾತ್ರ ಅಂತ ಆಗ ಗೊತ್ತಾಯಿತು.

ಮಾತು ಬಂದದ್ದು ಅದಕ್ಕಿಂತ ಮೊದಲು, ಅಕ್ಕ ಹೇಳಿದ ಕತ್ತಲೆ ಮಂಟಪದಲ್ಲಿ. ಗೈಡ್ ಟಾರ್ಚ್ ಹಿಡಿದರು. ಅಪ್ಪ ವಾಲಿಯ ಮುಖ ನೋಡಿದರು, ತಾರೆಯ ಕೈ ನೋಡಿದರು. ಆಮೇಲೆ ಮೆಲ್ಲಗೆ, ಪಕ್ಕದವರಿಗೆ ಮಾತ್ರ ಕೇಳುವ ಹಾಗೆ, ವಾಲಿಯ ಅರ್ಥ ಶುರು ಮಾಡಿದರು. ಮರೆಯಲ್ಲಿ ನಿಂತು ಬಾಣ ಬಿಟ್ಟೆಯಲ್ಲ ರಾಮ, ನಾನು ನಿನಗೇನು ಮಾಡಿದ್ದೆ ಅಂತ ಕೇಳುತ್ತಾನಲ್ಲ, ಅದು. ಕನ್ನಡದಲ್ಲೇ, ಐದಾರು ನಿಮಿಷ. ನಾನು ಗೈಡಿಗೆ ಭಾಷಾಂತರ ಮಾಡಲು ಹೊರಟೆ. ಅವರು ಕೈಸನ್ನೆಯಲ್ಲಿ ಬೇಡ ಅಂದರು, ಟಾರ್ಚ್ ಅಲ್ಲಾಡಿಸದೆ ಹಿಡಿದುಕೊಂಡೇ ನಿಂತಿದ್ದರು. ಮುಗಿದ ಮೇಲೆ, "ರಾಮ ಏನು ಉತ್ತರ ಕೊಟ್ಟ?" ಅಂತ ಕೇಳಿದರು. ಅಪ್ಪ, "ಅದು ಎದುರಿಗೆ ರಾಮನ ಅರ್ಥಕ್ಕೆ ಕೂತವರು ಹೇಳಬೇಕು" ಅಂದರು. ಅವರಿಬ್ಬರ ಚರ್ಚೆ ಅಲ್ಲಿಂದ ಯಮನ ನರಕದ ತನಕ ನಡೆಯಿತು, ನಾನು ನಡುವೆ ಭಾಷೆ ಮಾತ್ರ.

ಬಾಯಾರಿನ ಅಣ್ಣನಿಗೆ: ಪ್ರೆ ರೂಪ್‌ನಲ್ಲಿ ಅಮ್ಮ ಮೇಲೆ ಹತ್ತಲಿಲ್ಲ, ಕೆಳಗಿನ ಹಂತದಲ್ಲಿ ಕೂತಿದ್ದರು. ನಾವು ಇಳಿದು ಬರುವಾಗ ಕಲ್ಲಿನ ಮೇಲೆ ಅಂಗೈ ಸವರುತ್ತಾ, "ಇದು ನಮ್ಮ ಬಾವಿಕಟ್ಟೆಯ ಕಲ್ಲೇ, ಬಿಸಿಲಿಗೆ ಇಷ್ಟೇ ಬಿಸಿ ಆಗುತ್ತದೆ" ಅಂದರು. ನೀವು ಬರೆದದ್ದನ್ನು ಅವರಿಗೆ ನಾನು ಓದಿ ಹೇಳಿರಲಿಲ್ಲ.

ಗೈಡಿನ ನಂಬರ್ ಬೇಕಾದವರು ಖಾಸಗಿಯಾಗಿ ಕೇಳಿ, ಅವರನ್ನು ಕೇಳಿ ಕೊಡುತ್ತೇನೆ. ಅತ್ತೆ ಹೇಳಿದ ಚೀಟಿಯೂ ನನ್ನ ಹತ್ತಿರ ಉಂಟು, ಅದರ ಫೋಟೋ ಯಾರಿಗೆ ಬೇಕಾದರೂ ಕಳಿಸುತ್ತೇನೆ.